ಹೊಳೆನಾಡಿನ ಪಂಚಾಂಗ: ಪದೇ ಪದೇ ಕೇಳುವ ಪ್ರಶ್ನೆಗಳು

ಹೊಳೆನಾಡು ನಾನು ಕಟ್ಟುತ್ತಿರುವ ಕಲ್ಪನೆಯ ನಾಡು. ಪಡುವಣಕ್ಕೆ ಕಡಲು, ಮೂಡಣಕ್ಕೆ ಗುಡ್ಡ, ನಡುವೆ ಹನ್ನೆರಡು ಹೊಳೆ. ಚಂದ್ರಗಿರಿ, ಶಿರಿಯ, ಮೊಗ್ರಾಲ್, ಉಪ್ಪಳ ಹೊಳೆ ದಾಟಿ ಓಡಾಡಿದ ಕಾಸರಗೋಡಿನವರಿಗೆ ಇದರ ನಕ್ಷೆ ಎಲ್ಲಿಂದ ಬಂತು ಎಂದು ಹೇಳಬೇಕಾಗಿಲ್ಲ. ಈ ನಾಡಿನ ಕಥೆ ಓದಿದವರು, ಅದರಲ್ಲಿ ತಾವೂ ಕಥೆ ಬರೆಯುವವರು ಜಾಸ್ತಿ ಕೇಳುವುದು ಪಂಚಾಂಗದ ಬಗ್ಗೆ. ಉತ್ತರಗಳನ್ನು ಒಂದೇ ಕಡೆ ಇಟ್ಟಿದ್ದೇನೆ.

ಮೊದಲು ಲೆಕ್ಕ ಹೇಳಿ. ಒಂದು ವರ್ಷಕ್ಕೆ ಎಷ್ಟು ದಿನ?

378.4 ದಿನ. ದಿನದ ಉದ್ದ ನಮ್ಮ ಹಾಗೆ 24 ಗಂಟೆ. ಆಕಾಶದಲ್ಲಿ ಇಬ್ಬರು ಚಂದ್ರರು. ದೊಡ್ಡವನು ಬೆಳ್ಳ, ಅವನಿಗೆ ಅಮಾವಾಸ್ಯೆಯಿಂದ ಅಮಾವಾಸ್ಯೆಗೆ 31.5 ದಿನ. ಸಣ್ಣವನು ಕೆಂಚ, ಬಣ್ಣ ಸ್ವಲ್ಪ ಕೆಂಪು, ಅವನ ಸುತ್ತು 9 ದಿನ. ಬೆಳ್ಳನ 12 ಸುತ್ತು ಸೇರಿದರೆ 378. ಕೆಂಚನ 42 ಸುತ್ತು ಸೇರಿದರೂ 378. ಇಬ್ಬರೂ ಒಟ್ಟಿಗೆ ಕತ್ತಲಾಗುವ ರಾತ್ರಿ 63 ದಿನಕ್ಕೊಮ್ಮೆ ಬರುತ್ತದೆ, ಅದಕ್ಕೆ 'ಜೋಡಿ ಕತ್ತಲೆ' ಎನ್ನುತ್ತಾರೆ. ವರ್ಷಕ್ಕೆ 6 ಜೋಡಿ ಕತ್ತಲೆ, ಹಾಗಾಗಿ 6 ಋತು. ಒಂದು ಋತುವಿಗೆ ಎರಡು ತಿಂಗಳು, ಒಂದು 31 ದಿನದ್ದು, ಮತ್ತೊಂದು 32 ದಿನದ್ದು.

378 ಆಯಿತು. ಉಳಿದ 0.4 ದಿನವೇ ಎಲ್ಲ ತಕರಾರಿಗೂ ಕಾರಣ. ಅದಕ್ಕೆ ಕೆಳಗೆ ಬೇರೆ ಪ್ರಶ್ನೆ ಉಂಟು.

365 ಅಂತಲೇ ಇಟ್ಟುಕೊಂಡಿದ್ರೆ ಸುಲಭ ಆಗ್ತಿರಲಿಲ್ವಾ?

ನಮ್ಮ ಲೆಕ್ಕವೂ ಸುಲಭದ್ದಲ್ಲ. ಚಂದ್ರನ ಒಂದು ಸುತ್ತು 29.53 ದಿನ. ಹನ್ನೆರಡು ಸುತ್ತಿಗೆ 354 ದಿನ ಚಿಲ್ಲರೆ. ಸೂರ್ಯನ ವರ್ಷ 365 ದಿನ ಚಿಲ್ಲರೆ. ನಡುವೆ ಸುಮಾರು 11 ದಿನದ ಕಂದಕ. ಲೋಕದ ಪಂಚಾಂಗಗಳ ದೊಡ್ಡ ತಲೆನೋವೆಲ್ಲ ಈ 11 ದಿನವನ್ನು ಏನು ಮಾಡುವುದು ಎಂಬುದೇ. ಚಾಂದ್ರಮಾನದವರು 32-33 ತಿಂಗಳಿಗೊಮ್ಮೆ ಅಧಿಕ ಮಾಸ ಸೇರಿಸಿ ಕಂದಕ ತುಂಬುತ್ತಾರೆ. ಹಿಜರಿ ಲೆಕ್ಕದವರು ತುಂಬಲು ಹೋಗುವುದೇ ಇಲ್ಲ, ಆದ್ದರಿಂದ ರಂಜಾನ್ ತಿಂಗಳು ಸುಮಾರು 33 ವರ್ಷದಲ್ಲಿ ಎಲ್ಲ ಕಾಲಗಳನ್ನೂ ಸುತ್ತಿ ಬರುತ್ತದೆ, ಒಮ್ಮೆ ಜಡಿಮಳೆಯಲ್ಲಿ, ಒಮ್ಮೆ ಸುಡು ಬಿಸಿಲಿನಲ್ಲಿ. ಗೋಡೆಯ ಇಂಗ್ಲಿಷ್ ಕ್ಯಾಲೆಂಡರ್ ಚಂದ್ರನನ್ನೇ ಕೈಬಿಟ್ಟಿದೆ. ಮೂರೂ ಸರಿ. ಮೂರೂ ಬೇರೆ ಬೇರೆ ಜನರ ಬೇರೆ ಬೇರೆ ಅಗತ್ಯದಿಂದ ಬಂದದ್ದು.

ಕಂದಕ ತೀರಾ ಸಣ್ಣದಾಗಿದ್ದರೆ ಏನಾಗುತ್ತದೆ ಎಂದು ನೋಡುವ ಆಸೆ ನನಗೆ. ವರ್ಷಕ್ಕೆ ಅರ್ಧ ದಿನವೂ ಇಲ್ಲದ ತಪ್ಪನ್ನು ಯಾರೂ ಗಮನಿಸುವುದಿಲ್ಲ. ಮೊಮ್ಮಕ್ಕಳ ಕಾಲಕ್ಕೆ ಅದು ಒಂದು ತಿಂಗಳಾಗಿ ನಿಂತಿರುತ್ತದೆ. 378.4 ಬಂದದ್ದು ಅಲ್ಲಿಂದ.

ಎರಡು ಚಂದ್ರ ಯಾಕೆ? ಸುಮ್ನೆ ಚಂದಕ್ಕಾ?

ಚಂದಕ್ಕಲ್ಲ, ಉಬ್ಬರಕ್ಕೆ. ಕರಾವಳಿಯಲ್ಲಿ ಹುಟ್ಟಿದವರಿಗೆ ಚಂದ್ರ ಎಂದರೆ ಮೊದಲು ನೀರು, ಆಮೇಲೆ ಬೆಳದಿಂಗಳು.

ನಮ್ಮಲ್ಲಿ ಅಮಾವಾಸ್ಯೆಗೂ ಹುಣ್ಣಿಮೆಗೂ ಉಬ್ಬರ ಜೋರು, ಏಕೆಂದರೆ ಆಗ ಸೂರ್ಯ, ಚಂದ್ರ, ಭೂಮಿ ಒಂದೇ ಗೆರೆಯಲ್ಲಿರುತ್ತವೆ. ಅಷ್ಟಮಿಯ ಹೊತ್ತಿಗೆ ಎಳೆತ ಅಡ್ಡಡ್ಡ, ನೀರು ಜಾಸ್ತಿ ಏರುವುದಿಲ್ಲ. ಹೊಳೆನಾಡಿನಲ್ಲಿ ಇದೇ ನಿಯಮ, ಆದರೆ ಎಳೆಯುವವರು ಮೂವರು. ಕೆಂಚ ಸಣ್ಣವನಾದರೂ ಹತ್ತಿರದವನು, ಅದಕ್ಕೇ ಬೇಗ ಬೇಗ ಸುತ್ತುತ್ತಾನೆ. ಉಬ್ಬರದ ಎಳೆತ ದೂರದ ಘನಕ್ಕೆ ತಕ್ಕಂತೆ ಕಡಿಮೆಯಾಗುತ್ತದೆ, ಅಂದರೆ ದೂರ ಅರ್ಧವಾದರೆ ಎಳೆತ ಎಂಟು ಪಟ್ಟು. ಹಾಗಾಗಿ ಹತ್ತಿರದ ಸಣ್ಣವನನ್ನು ಲೆಕ್ಕಕ್ಕಿಲ್ಲ ಎನ್ನುವ ಹಾಗಿಲ್ಲ.

ಈಗ 63 ದಿನದ ಒಂದು ಋತುವನ್ನು ತೆಗೆದುಕೊಳ್ಳಿ. ಮೊದಲ ರಾತ್ರಿ ಇಬ್ಬರೂ ಕತ್ತಲೆ, ಎಲ್ಲರೂ ಒಂದೇ ಗೆರೆಯಲ್ಲಿ, ಭಾರೀ ಉಬ್ಬರ. ಹದಿನಾರನೇ ದಿನದ ಸುಮಾರಿಗೆ ಬೆಳ್ಳನ ಹುಣ್ಣಿಮೆ, ಆದರೆ ಆಗ ಕೆಂಚ ಅರ್ಧ ಮಾತ್ರ, ಅವನ ಎಳೆತ ಅಡ್ಡಕ್ಕೆ. 31.5 ದಿನಕ್ಕೆ ಬೆಳ್ಳ ಮತ್ತೆ ಕತ್ತಲೆ, ಕೆಂಚ ಆಗ ಮೂರೂವರೆ ಸುತ್ತು ಮುಗಿಸಿ ಪೂರ್ತಿ ಹುಣ್ಣಿಮೆಯಲ್ಲಿ, ಮತ್ತೆ ಎಲ್ಲರೂ ಒಂದೇ ಗೆರೆಗೆ. ಆಮೇಲೆ ಬರುವ ಬೆಳ್ಳನ ಹುಣ್ಣಿಮೆಗೂ ಕೆಂಚ ಅರ್ಧವೇ. ಇದರಿಂದ ಒಂದು ವಿಚಿತ್ರ ಉಂಟಾಗುತ್ತದೆ: ಹೊಳೆನಾಡಿನಲ್ಲಿ ದೊಡ್ಡ ಚಂದ್ರನ ಹುಣ್ಣಿಮೆ ಯಾವಾಗಲೂ ಸೌಮ್ಯ, ಅವನ ಅಮಾವಾಸ್ಯೆ ಯಾವಾಗಲೂ ಅಪಾಯ. ಅಲ್ಲಿನ ಮೀನುಗಾರರು ಬೆಳ್ಳನ ಬೆಳಕಿದ್ದಾಗ ಧೈರ್ಯವಾಗಿ ಅಳಿವೆ ದಾಟುತ್ತಾರೆ. ಕತ್ತಲೆಯ ದಿನ ದೋಣಿ ಮೇಲಕ್ಕೆ. ಈ ನಂಬಿಕೆಯನ್ನು ನಾನು ಕಥೆಗಾಗಿ ಹೊಸೆದದ್ದಲ್ಲ, ಲೆಕ್ಕದಿಂದ ತಾನಾಗಿ ಬಂತು. ಇಂಥದ್ದು ಸಿಕ್ಕಿದಾಗ ಆಗುವ ಖುಷಿಗೇ ನಾನು ಈ ಕೆಲಸ ಮಾಡುವುದು.

9 ಮತ್ತು 31.5 ಇಷ್ಟು ಸರಿಯಾಗಿ ಹೊಂದುವುದು ಸಾಧ್ಯವಾ?

ಚಂದ್ರಗಳು ಒಂದಕ್ಕೊಂದು ತಾಳ ಹಿಡಿದು ಸುತ್ತುವುದು ನಿಜ ಲೋಕದಲ್ಲೂ ಉಂಟು. ಗುರು ಗ್ರಹದ ಗ್ಯಾನಿಮೀಡ್ ಒಂದು ಸುತ್ತು ಬರುವಷ್ಟರಲ್ಲಿ ಯುರೋಪಾ 2 ಸುತ್ತು, ಅಯೋ 4 ಸುತ್ತು ಬರುತ್ತವೆ. ನನ್ನ ಅನುಪಾತ ಅಷ್ಟು ಸರಳವಲ್ಲ, 7ಕ್ಕೆ 2. ಕಥೆಗೆ ಅಷ್ಟು ಸ್ವಾತಂತ್ರ್ಯ ತೆಗೆದುಕೊಂಡಿದ್ದೇನೆ.

ಆ 0.4 ದಿನವನ್ನು ಏನು ಮಾಡ್ತಾರೆ?

ಗುಡ್ಡದವರು ಒಂದು ಮಾಡುತ್ತಾರೆ, ಕಡಲ ಬದಿಯವರು ಇನ್ನೊಂದು.

ಗುಡ್ಡದವರಿಗೆ ಬೇಕಾದದ್ದು ಮಳೆ ಮತ್ತು ಬೆಳೆ, ಅಂದರೆ ಸೂರ್ಯ. ಅವರು ಪ್ರತಿ 5 ವರ್ಷಕ್ಕೆ ಕೊನೆಯಲ್ಲಿ 2 ದಿನ ಸೇರಿಸುತ್ತಾರೆ. ಐದು ವರ್ಷಕ್ಕೆ 0.4ರ ಹಾಗೆ 2 ದಿನ, ಲೆಕ್ಕ ಚುಕ್ತಾ. ಅವರ ತಿಂಗಳುಗಳು ಚಂದ್ರನಿಂದ ನಿಧಾನಕ್ಕೆ ಜಾರುತ್ತವೆ, ಆದರೆ ಅವರಿಗೆ ಅದರ ಚಿಂತೆ ಇಲ್ಲ.

ಕಡಲ ಬದಿಯವರಿಗೆ ಬೇಕಾದದ್ದು ಉಬ್ಬರ, ಅಂದರೆ ಚಂದ್ರ. ಅವರು ಏನೂ ಸೇರಿಸುವುದಿಲ್ಲ. ಅವರ ವರ್ಷ ಬರೀ 378 ದಿನ, ಪ್ರತಿ ಸಲ ಸ್ವಲ್ಪ ಬೇಗ ಮುಗಿಯುತ್ತದೆ. ಹತ್ತು ವರ್ಷಕ್ಕೆ 4 ದಿನ ಮುಂದೆ. ನಲವತ್ತು ವರ್ಷಕ್ಕೆ 16 ದಿನ ಮುಂದೆ. 79 ವರ್ಷಕ್ಕೆ 31.6 ದಿನ, ಸರಿಸುಮಾರು ಬೆಳ್ಳನ ಒಂದು ಪೂರ್ತಿ ಸುತ್ತು. ಆಗ ಒಂದು ಇಡೀ ತಿಂಗಳನ್ನು ಸೇರಿಸುತ್ತಾರೆ. ಅದಕ್ಕೆ ಹೆಸರಿಲ್ಲ, 'ಹೆಚ್ಚಿನ ತಿಂಗಳು' ಎಂದಷ್ಟೇ.

79 ವರ್ಷಕ್ಕೊಮ್ಮೆ ಅಂದರೆ ಹೆಚ್ಚಿನವರು ಜೀವನದಲ್ಲಿ ಅದನ್ನು ಒಂದೇ ಸಲ ನೋಡುತ್ತಾರೆ, ಎರಡು ಹೆಚ್ಚಿನ ತಿಂಗಳ ನಡುವೆ ಹುಟ್ಟಿ ಬೇಗ ಸತ್ತವರು ನೋಡುವುದೇ ಇಲ್ಲ, ಎರಡು ಸಲ ನೋಡಿದ ಅಜ್ಜಿ ಊರಿಗೆ ಒಬ್ಬಳಿದ್ದರೆ ಅವಳ ಮಾತಿಗೆ ಊರಿನ ಮುಖ್ಯಸ್ಥನಾದ ಗುರಿಕಾರನ ಮಾತಿಗಿಂತ ಜಾಸ್ತಿ ತೂಕ, ಏಕೆಂದರೆ ಕಳೆದ ಸಲ ಏನು ಮಾಡಿದರು, ಬಡ್ಡಿ ಹಾಕಿದರಾ ಬಿಟ್ಟರಾ, ಮದುವೆ ಮಾಡಿದರಾ ಇಲ್ಲವಾ ಎಂದು ನೆನಪಿರುವುದು ಅವಳಿಗೆ ಮಾತ್ರ.

ಇನ್ನೂ ಒಂದು ಸೂಕ್ಷ್ಮ ಉಂಟು. ಹೆಚ್ಚಿನ ತಿಂಗಳು 31.5 ದಿನ ಅಂದರೆ 63ರ ಅರ್ಧ. ಅದು ಬಂದು ಹೋದ ಮೇಲೆ ಜೋಡಿ ಕತ್ತಲೆ ತಿಂಗಳು ಬದಲಾಯಿಸುತ್ತದೆ. 79 ವರ್ಷ ಮೊದಲ ತಿಂಗಳಾದ ಕಣಿಯ ಮೊದಲ ರಾತ್ರಿ ಬರುತ್ತಿದ್ದದ್ದು ಮುಂದಿನ 79 ವರ್ಷ ಎರಡನೇ ತಿಂಗಳಾದ ಬೇಗೆಯ ಮೊದಲ ರಾತ್ರಿ. 31 ದಿನದ ತಿಂಗಳು 32 ಆಗುತ್ತದೆ, 32ರದ್ದು 31. ಅಜ್ಜ ಕಲಿಸಿದ ಗಾದೆ ಮೊಮ್ಮಗನ ಕಾಲಕ್ಕೆ ಅವನನ್ನು ನೀರಿಗೆ ತಳ್ಳುತ್ತದೆ. ಕಥೆ ಬರೆಯುವವರಿಗೆ ನನ್ನ ಕೋರಿಕೆ: ಈ ವಿಷಯವನ್ನು ದಯವಿಟ್ಟು ಬಳಸಿ. ಇದರಲ್ಲಿ ಇನ್ನೂ ಯಾರೂ ಮುಟ್ಟದ ಕಥೆಗಳು ತುಂಬ ಉಂಟು.

(79 ವರ್ಷಕ್ಕೆ 31.6 ಬೇಕಾದಲ್ಲಿ 31.5 ಸೇರಿಸಿದರೆ 0.1 ದಿನ ಉಳಿಯಿತಲ್ಲ ಎಂದು ಕೇಳುವವರಿಗೆ: ಹೌದು. ಅದು 790 ವರ್ಷಕ್ಕೆ ಒಂದು ದಿನ. ಆ ಒಂದು ದಿನ ಎಲ್ಲಿ ಹೋಯಿತು ಎಂಬ ಜಗಳ ಕಡಲ ಬದಿಯ ದಾಖಲೆಗಳಲ್ಲಿ ಉಂಟು.)

ಒಂದೇ ನಾಡಿಗೆ ಎರಡು ಪಂಚಾಂಗ ಅಂದ್ರೆ ಗೊಂದಲ ಅಲ್ವಾ? ಒಬ್ಬ ರಾಜ ಬಂದು ಒಂದೇ ಮಾಡಬಹುದಲ್ವಾ?

ಎಲ್ಲಕ್ಕಿಂತ ಜಾಸ್ತಿ ಬರುವ ಪ್ರಶ್ನೆ ಇದು. ಘಟ್ಟದ ಮೇಲಿನವರು, ಬೆಂಗಳೂರಿನವರು ಕೇಳುತ್ತಾರೆ. ಕುಂಬಳೆಯವರಾಗಲಿ ಬದಿಯಡ್ಕದವರಾಗಲಿ ಇದನ್ನು ಕೇಳಿದ್ದು ನನಗೆ ಗೊತ್ತಿಲ್ಲ.

ನಮ್ಮ ಕಡೆಯ ಒಂದು ಬೀದಿಯನ್ನು ನೋಡಿ. ತುಳು ಮಾತಾಡುವ ಮನೆಯಲ್ಲಿ ಪಗ್ಗು, ಬೇಶ, ಕಾರ್ತೆಲ್, ಆಟಿ. ಪಕ್ಕದ ಮಲಯಾಳದ ಮನೆಯಲ್ಲಿ ಅದೇ ತಿಂಗಳುಗಳು ಮೇಡಂ, ಇಡವಂ, ಮಿಥುನಂ, ಕರ್ಕಿಡಕಂ. ಎರಡೂ ಸೂರ್ಯನ ಲೆಕ್ಕ, ಆದರೆ ತುಳುವರಿಗೆ ವರ್ಷ ಶುರುವಾಗುವುದು ಏಪ್ರಿಲ್ ನಡುವಿನ ಬಿಸುವಿಗೆ, ಕೊಲ್ಲವರ್ಷದವರಿಗೆ ಆಗಸ್ಟ್ ನಡುವಿನ ಚಿಂಗಂ 1ಕ್ಕೆ. ಹಿಂದೆ ಮಲಬಾರಿನ ಉತ್ತರದಲ್ಲಿ ಕೊಲ್ಲವರ್ಷವೇ ಒಂದು ತಿಂಗಳು ತಡವಾಗಿ, ಕನ್ನಿಯಲ್ಲಿ ಶುರುವಾಗುತ್ತಿತ್ತು. ಒಂದೇ ವರ್ಷಕ್ಕೆ ಎರಡು ತಲೆ! ಇನ್ನೊಂದು ಮನೆಯವರಿಗೆ ಚಾಂದ್ರಮಾನ ಯುಗಾದಿ, ಮತ್ತೊಂದು ಮನೆಯವರಿಗೆ ಹಿಜರಿ. ಶಾಲೆಗೆ ಜೂನ್, ಬ್ಯಾಂಕಿಗೆ ಏಪ್ರಿಲ್ 1. ಇಷ್ಟಿದ್ದೂ ಯಾರೂ ದಾರಿ ತಪ್ಪಿಲ್ಲ. ತೆಯ್ಯಂ ಕಟ್ಟುವ ಕಾಲ ತುಲಾಂ 10ಕ್ಕೆ ಶುರುವಾಗುತ್ತದೆ ಎಂದೂ ಗೊತ್ತು, ಯಕ್ಷಗಾನ ಮೇಳಗಳು ಬೇಶ 10ರ ಪತ್ತನಾಜೆಗೆ ಗೆಜ್ಜೆ ಬಿಚ್ಚುತ್ತವೆ ಎಂದೂ ಗೊತ್ತು. ಯಾವ ಕೆಲಸಕ್ಕೆ ಯಾವ ಲೆಕ್ಕ ಎಂದು ಮಕ್ಕಳಿಗೂ ಕಲಿಸಬೇಕಾಗಿಲ್ಲ.

ಕಡಲಿನಲ್ಲೂ ಹಾಗೇ. ಮಳೆಗಾಲದ ಟ್ರಾಲಿಂಗ್ ನಿಷೇಧ ಕೇರಳಕ್ಕೆ 52 ದಿನ, ಕರ್ನಾಟಕಕ್ಕೆ 61 ದಿನ. ಮಂಜೇಶ್ವರದ ಬೋಟಿಗೆ ಒಂದು ಲೆಕ್ಕ, ಮಂಗಳೂರಿನ ಬೋಟಿಗೆ ಇನ್ನೊಂದು. ಕಡಲು ಒಂದೇ, ಮೀನೂ ಒಂದೇ.

ಆದ್ದರಿಂದ ನನ್ನ ಅಭಿಪ್ರಾಯ ನೇರವಾಗಿ ಹೇಳುತ್ತೇನೆ. ಒಂದೇ ಪಂಚಾಂಗ ಇರುವ ಕಲ್ಪನಾ ಲೋಕವನ್ನು ಓದುವಾಗ ನನಗೆ ಅಲ್ಲಿ ಜನ ಇದ್ದಾರೆ ಎಂದು ಅನ್ನಿಸುವುದೇ ಇಲ್ಲ. ಒಬ್ಬ ಅಧಿಕಾರಿ ಮಾತ್ರ ಇದ್ದಾನೆ ಅನ್ನಿಸುತ್ತದೆ. ಕೆಲಸ ಬೇರೆ ಇರುವ ಕಡೆ ಕಾಲದ ಲೆಕ್ಕವೂ ಬೇರೆ ಇರುತ್ತದೆ. ಹೊಳೆನಾಡಿನಲ್ಲಿ ರಾಜರು ಬಂದು ಹೋಗಿದ್ದಾರೆ, ಒಂದೇ ಪಂಚಾಂಗದ ಅಪ್ಪಣೆ ಹೊರಡಿಸಿದವರೂ ಇದ್ದಾರೆ. ಅಪ್ಪಣೆ ಕೋಟೆಯೊಳಗೆ ನಡೆಯಿತು. ಸಂತೆಯಲ್ಲಿ ನಡೆಯಲಿಲ್ಲ.

ಹಾಗಾದ್ರೆ ಗುಡ್ಡದವರೂ ಕಡಲಿನವರೂ ವ್ಯಾಪಾರ ಹೇಗೆ ಮಾಡ್ತಾರೆ?

ವಾರದ ಲೆಕ್ಕದಲ್ಲಿ. ಕೆಂಚನ 9 ದಿನದ ಒಂದು ಸುತ್ತೇ ಅಲ್ಲಿ ಒಂದು ವಾರ, ಅವನು ಇಬ್ಬರಿಗೂ ಒಂದೇ ಹಾಗೆ ಕಾಣುತ್ತಾನೆ. ಗುಡ್ಡದವನು ಉಪ್ಪು ಕೊಂಡು, 'ಇನ್ನು ಏಳು ಕೆಂಚಕ್ಕೆ ಮೆಣಸು ಇಳಿಸುತ್ತೇನೆ' ಅಂದರೆ ಇಬ್ಬರಿಗೂ 63 ದಿನವೇ. ಜಗಳ ಬರುವುದು ದೊಡ್ಡ ಸಾಲಗಳಲ್ಲಿ. 'ಹೊಸ ವರ್ಷಕ್ಕೆ ಕೊಡುತ್ತೇನೆ' ಎಂದು ಬರೆದ ಪತ್ರದಲ್ಲಿ ಯಾರ ಹೊಸ ವರ್ಷ ಎಂದು ಬರೆದಿರುವುದಿಲ್ಲ. ಹೆಚ್ಚಿನ ತಿಂಗಳು ಬಂದು ಹೋದ ಹೊಸತರಲ್ಲಿ ಎರಡು ಹೊಸ ವರ್ಷಕ್ಕೂ ಏನೂ ಅಂತರ ಇಲ್ಲ. ಎಪ್ಪತ್ತು ವರ್ಷದ ಮೇಲೆ 28 ದಿನದ ಅಂತರ, ಅಷ್ಟು ದಿನದ ಬಡ್ಡಿ ಯಾರ ತಲೆಗೆ? ಕಾಲ ಕಳೆದಂತೆ ತಾನಾಗಿ ಬೆಳೆಯುವ ಜಗಳ ಇದು.

ವಾರಕ್ಕೆ 9 ದಿನ ಜಾಸ್ತಿ ಆಗಲಿಲ್ವಾ? ರಜೆ ಯಾವಾಗ?

ವಾರದ ಉದ್ದ ಬದಲಾಯಿಸಲು ಹೊರಟವರು ನಿಜ ಚರಿತ್ರೆಯಲ್ಲೂ ಇದ್ದಾರೆ. ಫ್ರಾನ್ಸಿನ ಕ್ರಾಂತಿಯವರು 1793ರಲ್ಲಿ ಹತ್ತು ದಿನದ ವಾರ ತಂದರು. ಏಳಕ್ಕೊಮ್ಮೆ ಇದ್ದ ರಜೆ ಹತ್ತಕ್ಕೊಮ್ಮೆ ಆಯಿತು, ಜನ ಒಪ್ಪಲಿಲ್ಲ, 1805ರ ಕೊನೆಗೆ ಆ ಕ್ಯಾಲೆಂಡರೇ ಹೋಯಿತು. ಸೋವಿಯತ್ ಒಕ್ಕೂಟ 1929ರಲ್ಲಿ ಐದು ದಿನದ ವಾರ ಮಾಡಿ ಕೆಲಸಗಾರರನ್ನು ಐದು ಗುಂಪು ಮಾಡಿತು, ಒಂದೊಂದು ಗುಂಪಿಗೆ ಒಂದೊಂದು ದಿನ ರಜೆ. ಯಂತ್ರ ನಿಲ್ಲಲಿಲ್ಲ ನಿಜ, ಆದರೆ ಗಂಡನಿಗೆ ಒಂದು ದಿನ ರಜೆ, ಹೆಂಡತಿಗೆ ಇನ್ನೊಂದು ದಿನ. 1931ರಲ್ಲಿ ಆರು ದಿನದ ವಾರ ಮಾಡಿ ನೋಡಿದರು, 1940ರಲ್ಲಿ ಮತ್ತೆ ಏಳಕ್ಕೇ ಬಂದರು. ಇವೆರಡೂ ಮೇಲಿನಿಂದ ಹೇರಿದ ವಾರಗಳು.

ಹೊಳೆನಾಡಿನ ವಾರ ಆಕಾಶದಲ್ಲಿ ಕಾಣುತ್ತದೆ. ತಲೆ ಎತ್ತಿದರೆ ಇವತ್ತು ಯಾವ ವಾರ ಎಂದು ಗೊತ್ತಾಗುತ್ತದೆ. ದಿನಗಳಿಗೆ ಹೆಸರಿಲ್ಲ, ಒಂದನೇ ಕೆಂಚ, ಎರಡನೇ ಕೆಂಚ ಎಂದು ಎಣಿಕೆ. ಒಂದನೇ ಕೆಂಚಕ್ಕೆ ದೊಡ್ಡ ಸಂತೆ, ಐದನೇ ಕೆಂಚಕ್ಕೆ, ಅವನು ತುಂಬಿದಾಗ, ಸಣ್ಣ ಸಂತೆ. ಹಳೇ ರೋಮಿನವರಿಗೂ ಸಂತೆಯ ವಾರವೇ ಇತ್ತು, ಎಂಟು ದಿನದ್ದು. ಭಾನುವಾರದ ಹಾಗೆ ಎಲ್ಲರಿಗೂ ಒಟ್ಟಿಗೆ ರಜೆ ಎಂಬುದು ಹೊಳೆನಾಡಿನಲ್ಲಿ ಇಲ್ಲ. ಸಂತೆಗೆ ಹೋಗುವುದೇ ರಜೆ.

ದಿನ ಶುರುವಾಗುವುದು ಯಾವಾಗ?

ಗುಡ್ಡದವರಿಗೆ ಸೂರ್ಯ ಹುಟ್ಟುವಾಗ, ಕಡಲಿನವರಿಗೆ ಸೂರ್ಯ ಮುಳುಗುವಾಗ. ಗುಡ್ಡದವರು ನೋಡುವುದು ಮೂಡಣದ ಸೂರ್ಯನನ್ನು, ಕಡಲಿನವರು ಕಾಯುವುದು ಪಡುವಣದ ಎಳೆ ಚಂದ್ರನನ್ನು. ನಮ್ಮಲ್ಲೂ ಪಂಚಾಂಗದ ದಿನ ಸೂರ್ಯೋದಯಕ್ಕೆ, ಹಿಜರಿ ದಿನ ಸೂರ್ಯಾಸ್ತಕ್ಕೆ, ರೈಲು ಟಿಕೆಟಿನ ದಿನ ನಡುರಾತ್ರಿಗೆ ಶುರು.

ತಿಂಗಳುಗಳ ಹೆಸರೇನು?

ಗುಡ್ಡದ ಹೆಸರುಗಳು: ಕಣಿ, ಬೇಗೆ, ಎಳೆಮಳೆ, ಜಡಿಮಳೆ, ಹಸಿವು, ಹೊಡೆ, ತೆನೆ, ಕಟ್ಟ, ಇಬ್ಬನಿ, ನೆಲ, ಹೂ, ಗಾಳಿ. ಕಡಲಿನವರೂ ಇದರಲ್ಲಿ ಹೆಚ್ಚಿನವನ್ನು ಬಳಸುತ್ತಾರೆ, ಆದರೆ ಎಳೆಮಳೆಗೆ 'ಅಳಿವೆ' ಎನ್ನುತ್ತಾರೆ, ಮರಳು ಒಡೆದು ಹೊಳೆ ಕಡಲು ಸೇರುವುದು ಆಗ. ಜಡಿಮಳೆಗೆ 'ದೋಣಿಮೇಲು'. ದೋಣಿ ಎಳೆದು ಮೇಲಿಡುವ ತಿಂಗಳು.

ಎರಡು ಹೆಸರಿನ ಬಗ್ಗೆ ಸ್ವಲ್ಪ ಜಾಸ್ತಿ ಹೇಳಬೇಕು.

ಹಸಿವು ತಿಂಗಳು ನಮ್ಮ ಆಟಿಯಿಂದ ಬಂದದ್ದು. ಆಟಿ ಎಂದರೆ ಈಗ ಅಮಾವಾಸ್ಯೆಗೆ ಹಾಲೆ ಮರದ ಕೆತ್ತೆಯ ಕಷಾಯ ಕುಡಿಯುವುದು, ಪತ್ರೊಡೆ ತಿನ್ನುವುದು, ಸಭಾಭವನದಲ್ಲಿ ಆಟಿದ ಕೂಟ ಮಾಡುವುದು. ಆದರೆ ಮೂಲದಲ್ಲಿ ಅದು ಕಣಜ ಖಾಲಿಯಾದ ತಿಂಗಳು. ಹಳೆಯ ಅಕ್ಕಿ ಮುಗಿದಿದೆ, ಮಳೆಗಾಲದ ಭತ್ತ, ಅಂದರೆ ಏಣಿಲು ಬೆಳೆ, ಇನ್ನೂ ಗದ್ದೆಯಲ್ಲಿ, ಮಳೆಗೆ ಹೊರಗೆ ಕೆಲಸ ಇಲ್ಲ. ಉಪ್ಪಿನಲ್ಲಿ ಹಾಕಿಟ್ಟ ಹಲಸಿನ ಸೊಳೆ, ಕಣಿಲೆ, ಕೆಸುವಿನ ಎಲೆ, ಹಲಸಿನ ಬೀಜ, ಇಷ್ಟರಲ್ಲೇ ದಿನ ದೂಡಬೇಕಿತ್ತು. ಮಲಯಾಳದವರೂ ಕರ್ಕಿಡಕವನ್ನು ಬಡತನದ ತಿಂಗಳು ಎಂದೇ ಕರೆದರು. ಕಲ್ಪನಾ ಲೋಕಗಳ ಪಂಚಾಂಗದಲ್ಲಿ ಹಬ್ಬಗಳು ಸಾಲು ಸಾಲಾಗಿರುತ್ತವೆ, ಹಸಿವಿಗೆ ಜಾಗವೇ ಇರುವುದಿಲ್ಲ. ಊಟಕ್ಕೆ ಇಲ್ಲದ ತಿಂಗಳು ಯಾವುದು ಎಂದು ಗೊತ್ತಿಲ್ಲದಿದ್ದರೆ ಸುಗ್ಗಿಯ ಸಂತೋಷ ಎಷ್ಟು ಎಂದು ಬರೆಯಲು ಆಗುವುದಿಲ್ಲ.

ಕಟ್ಟ ತಿಂಗಳು ಹೊಳೆಗೆ ಅಡ್ಡಗಟ್ಟ ಹಾಕುವ ತಿಂಗಳು. ನಮ್ಮ ತೋಟದವರಿಗೆ ಇದನ್ನು ವಿವರಿಸಬೇಕಿಲ್ಲ. ಮಳೆ ಪೂರ್ತಿ ನಿಲ್ಲುವ ಮೊದಲು ಕಟ್ಟಿದರೆ ಒಂದು ಕೊನೆಯ ಮಳೆ ಬಂದು ಕಟ್ಟವನ್ನೇ ಕೊಚ್ಚಿಕೊಂಡು ಹೋಗುತ್ತದೆ. ತಡ ಮಾಡಿದರೆ ಹೊಳೆಯೇ ಹರಿದು ಮುಗಿದಿರುತ್ತದೆ, ಬೇಸಗೆಗೆ ಅಡಿಕೆಗೆ ನೀರಿಲ್ಲ. ನಡುವೆ ಇರುವುದು ಕೆಲವೇ ದಿನಗಳ ಕಿಂಡಿ, ಆ ಹೊತ್ತಿಗೆ ಇಡೀ ಬೈಲಿನವರು ಒಟ್ಟಿಗೆ ಬರಬೇಕು. ತಾರೀಕು ಬೇಕಾಗುವುದು ಇದಕ್ಕೆ.

ಹಬ್ಬಗಳು ಯಾವುವು?

ಕಡಲ ಬದಿಯವರು ವರ್ಷದ 6 ಜೋಡಿ ಕತ್ತಲೆಗೆ ದೀಪ ಹಚ್ಚದೆ ಕೂರುತ್ತಾರೆ. ಗುಡ್ಡದವರಿಗೆ ದೊಡ್ಡದು ಐದು ವರ್ಷಕ್ಕೊಮ್ಮೆ ಬರುವ ಆ 2 ದಿನ. ಅದಕ್ಕೆ 'ನೆಲ ಮಲಗುವ ದಿನ' ಎನ್ನುತ್ತಾರೆ. ಆ ದಿನ ಗುದ್ದಲಿ ಮುಟ್ಟುವ ಹಾಗಿಲ್ಲ, ಮರ ಕಡಿಯುವ ಹಾಗಿಲ್ಲ, ಸಾಲ ಕೇಳುವ ಹಾಗಿಲ್ಲ. ಇದು ತುಳುನಾಡಿನ ಕೆಡ್ಡಸದಿಂದ ಬಂದದ್ದು. ಫೆಬ್ರವರಿಯಲ್ಲಿ, ಮಕರ ತಿಂಗಳ ಕೊನೆಗೆ, ಮೂರು ದಿನ ಭೂಮಿತಾಯಿ ಮೈಲಿಗೆಯಲ್ಲಿದ್ದಾಳೆ ಎಂದು ಅಗೆಯುವುದಿಲ್ಲ, ಉಳುವುದಿಲ್ಲ, ಕೊನೆಗೆ ಹೆಂಗಸರು ನೆಲಕ್ಕೆ ಎಣ್ಣೆ ಬಿಡುತ್ತಾರೆ. ಭೂಮಿಗೂ ವಿಶ್ರಾಂತಿ ಬೇಕು ಎಂದು ಪಂಚಾಂಗದಲ್ಲೇ ಬರೆದಿಟ್ಟ ನಮ್ಮ ಹಿರಿಯರ ಬಗ್ಗೆ ನನಗೆ ತುಂಬ ಗೌರವ.

ಗುಡ್ಡದವರಿಗೆ ಹೊಸ ವರ್ಷದ ದಿನ ಹೇಗೆ ಗೊತ್ತಾಗುತ್ತೆ?

ಒಂದು ಕಲ್ಲುಕಂಬದ ಬಳಿ ನಿಂತು ನೋಡಿದರೆ ಎರಡು ಶಿಖರಗಳ ನಡುವಿನ ಸಂದಿನಲ್ಲಿ ಸೂರ್ಯ ಹುಟ್ಟುವ ದಿನ. ಇದು ಹಗಲು ರಾತ್ರಿ ಸಮ ಇರುವ ಕಾಲ. ಈ ಕಾಲವನ್ನು ಆರಿಸಲು ಕಾರಣ ಉಂಟು. ಸೂರ್ಯ ಹುಟ್ಟುವ ಜಾಗ ಉತ್ತರದ ತುದಿಯಲ್ಲೋ ದಕ್ಷಿಣದ ತುದಿಯಲ್ಲೋ ಇರುವಾಗ ದಿನದಿಂದ ದಿನಕ್ಕೆ ಕದಲುವುದೇ ಕಾಣುವುದಿಲ್ಲ. ಸಮರಾತ್ರಿಯ ಹೊತ್ತಿಗೆ ಅದು ದಿನಕ್ಕೆ ಸುಮಾರು 0.4 ಡಿಗ್ರಿ ಸರಿಯುತ್ತದೆ, ಸೂರ್ಯನ ಅಗಲಕ್ಕೆ ಸ್ವಲ್ಪ ಕಡಿಮೆ. ಕಣ್ಣಿನಲ್ಲೇ ದಿನ ಹಿಡಿಯಬಹುದು.

ಕಲ್ಲುಕಂಬ ಇರುವುದರಿಂದ ಗುಡ್ಡದವರ ಹೊಸ ವರ್ಷ ಋತುವಿನಿಂದ ಜಾರುವುದಿಲ್ಲ. ನಮ್ಮದು ಜಾರಿದೆ. ನಮ್ಮ ಸಂಕ್ರಾಂತಿಗಳು ನಕ್ಷತ್ರಗಳನ್ನು ನೋಡಿ ಎಣಿಸುವಂಥವು, ಹಾಗಾಗಿ ಸುಮಾರು 72 ವರ್ಷಕ್ಕೆ ಒಂದು ದಿನ ಮುಂದೆ ಹೋಗುತ್ತವೆ. ಸ್ವಾಮಿ ವಿವೇಕಾನಂದರು ಹುಟ್ಟಿದ್ದು ಮಕರ ಸಂಕ್ರಾಂತಿಯ ದಿನ, ಆ ತಾರೀಕು 1863ರ ಜನವರಿ 12. ಈಗ ಸಂಕ್ರಾಂತಿ 14ಕ್ಕೋ 15ಕ್ಕೋ ಬರುತ್ತದೆ. ಬಿಸುವೂ ಸಮರಾತ್ರಿಯಿಂದ ಈಗ ಮೂರು ವಾರಕ್ಕಿಂತ ಜಾಸ್ತಿ ದೂರ ಬಂದಿದೆ.

ವರ್ಷಗಳನ್ನು ಎಲ್ಲಿಂದ ಎಣಿಸ್ತಾರೆ?

ಕಡಲಿನವರು ಉಪ್ಪು ನೀರು ಗದ್ದೆಗೆ ನುಗ್ಗಿದ ವರ್ಷದಿಂದ. ಗುಡ್ಡದವರು ಗುರಿಕಾರನ ಹೆಸರಿನಿಂದ, 'ಇಂಥ ಗುರಿಕಾರನ 14ನೇ ವರ್ಷ' ಎಂದು. ಹಳೆಯ ಶಾಸನಗಳಲ್ಲಿ ಎರಡೂ ಬಗೆ ಉಂಟು. ಬಾದಾಮಿಯ ಬಂಡೆ ಶಾಸನ ಶಕ ವರ್ಷ 465 ಎನ್ನುತ್ತದೆ, ಅಂದರೆ ಕ್ರಿ.ಶ. 543. ರಾಜನ ಆಳ್ವಿಕೆಯ ವರ್ಷ ಮಾತ್ರ ಹೇಳುವ ಶಾಸನಗಳೂ ಬೇಕಾದಷ್ಟು. ಎರಡನೇ ಬಗೆಯದ್ದರಲ್ಲಿ ರಾಜರ ಪಟ್ಟಿ ಕಳೆದುಹೋದರೆ ಕಾಲವೇ ಕಳೆದುಹೋಗುತ್ತದೆ. ಗುಡ್ಡದ ಚರಿತ್ರೆ ಬರೆಯುವವರಿಗೆ ಇದೇ ಕಷ್ಟ. ಸೊನ್ನೆಯ ವರ್ಷ ಇಲ್ಲ, ಉಪ್ಪು ನುಗ್ಗಿದ್ದೇ 1ನೇ ವರ್ಷ. ಈಗಿನ ಕಥೆಗಳು ನಡೆಯುವುದು 860ರಿಂದ 870ರ ನಡುವೆ, ಹನ್ನೊಂದನೇ ಹೆಚ್ಚಿನ ತಿಂಗಳು ಬರುವುದು 869ರ ಕೊನೆಗೆ.

ಪಾತ್ರಗಳ ವಯಸ್ಸನ್ನು ನಮ್ಮ ಲೆಕ್ಕಕ್ಕೆ ತರುವುದು ಹೇಗೆ?

ಅವರ 28 ವರ್ಷ ನಮ್ಮ 29 ವರ್ಷಕ್ಕೆ ಸಮ. ಮಕ್ಕಳ ವಿಷಯದಲ್ಲಿ ಏನೂ ವ್ಯತ್ಯಾಸ ಕಾಣುವುದಿಲ್ಲ. ಅವರ 84 ವರ್ಷದ ಅಜ್ಜಿ ನಮ್ಮ ಲೆಕ್ಕಕ್ಕೆ 87.

ರಾಶಿ ಭವಿಷ್ಯ, ನಕ್ಷತ್ರ?

ಸದ್ಯಕ್ಕೆ ಮಾಡಿಲ್ಲ. ಯಾರಾದರೂ ಮಾಡಿದರೆ ಒಂದು ವಿಷಯ ನೆನಪಿಡಿ. ನಮಗೆ 27 ನಕ್ಷತ್ರ ಇರುವುದು ಚಂದ್ರ ಆಕಾಶವನ್ನು ಒಂದು ಸುತ್ತು ಬರಲು ಸುಮಾರು 27.3 ದಿನ ತೆಗೆದುಕೊಳ್ಳುವುದರಿಂದ. ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಆಗುವ 29.5 ದಿನ ಬೇರೆ ಲೆಕ್ಕ, ಅಷ್ಟರಲ್ಲಿ ಸೂರ್ಯನೂ ಸರಿದಿರುತ್ತಾನೆ. ಬೆಳ್ಳನಿಗೆ ಅದೇ ರೀತಿ ಲೆಕ್ಕ ಹಾಕಿದರೆ ಸುಮಾರು 29 ದಿನ ಬರುತ್ತದೆ. ಹಾಗಾಗಿ 29 ನಕ್ಷತ್ರ ಬೇಕು.

ನನ್ನ ಲೋಕಕ್ಕೆ ನಾನೇ ಪಂಚಾಂಗ ಮಾಡಬೇಕು. ಎಲ್ಲಿಂದ ಶುರು ಮಾಡಲಿ?

ತಿಂಗಳ ಹೆಸರಿನಿಂದ ಶುರು ಮಾಡಬೇಡಿ, ಹಬ್ಬದಿಂದಲೂ ಬೇಡ. ನಿಮ್ಮ ಜನ ಏನು ಕೆಲಸ ಮಾಡುತ್ತಾರೆ, ಯಾವ ದಿನ ತಪ್ಪಿದರೆ ಅವರಿಗೆ ಕಷ್ಟ ಎಂದು ಮೊದಲು ಕೇಳಿಕೊಳ್ಳಿ. ಅಡಿಕೆ ಬೆಳೆಯುವವರಿಗೆ ಮಳೆ ಹಿಡಿಯುವ ಮುಂಚೆ ಒಂದು ಸಲ ಮದ್ದು ಬಿಡಬೇಕು, ಆಮೇಲೆ 40-45 ದಿನಕ್ಕೆ ಇನ್ನೊಮ್ಮೆ, ತಪ್ಪಿದರೆ ಕೊಳೆರೋಗ ಬಂದು ಕಾಯಿ ಉದುರುತ್ತದೆ. ಆ ಮನೆಯ ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕಿದ ದಿನಗಳನ್ನು ನೋಡಿದರೆ ಸಾಕು, ಅವರ ಬದುಕು ತಿಳಿಯುತ್ತದೆ. ಅಂಥ ನಾಲ್ಕೈದು ದಿನಗಳು ಸಿಕ್ಕಿದರೆ ನಿಮ್ಮ ಪಂಚಾಂಗ ಅರ್ಧ ಆದಂತೆ. ಆಮೇಲೆ ಆ ದಿನಗಳನ್ನು ಹೇಳಬಲ್ಲದ್ದು ಯಾವುದು, ಸೂರ್ಯನಾ, ಚಂದ್ರನಾ, ಗಾಳಿಯಾ, ಒಂದು ಹಕ್ಕಿಯಾ ಎಂದು ನೋಡಿ. ಲೆಕ್ಕ ಕೊನೆಗೆ. ಲೆಕ್ಕದಲ್ಲಿ ಚಿಲ್ಲರೆ ಉಳಿದರೆ ಅದನ್ನು ಅಳಿಸಬೇಡಿ, ಪೂರ್ಣ ಸಂಖ್ಯೆ ಮಾಡಲೂ ಹೋಗಬೇಡಿ. ಆ ಚಿಲ್ಲರೆಯನ್ನು ಯಾರು ಹೇಗೆ ತುಂಬುತ್ತಾರೆ ಎಂಬುದರಲ್ಲೇ ನಿಮ್ಮ ಜನರ ಗುಣ ಕಾಣುವುದು.

ತಾರೀಕು ಬರೆಯುವುದು ಹೇಗೆ?

ಮೊದಲು ಕೆಂಚ, ಆಮೇಲೆ ತಿಂಗಳು, ದಿನ, ಕೊನೆಗೆ ವರ್ಷ. 'ಮೂರನೇ ಕೆಂಚ, ತೆನೆ 12, ಉಪ್ಪು 866' ಎಂಬ ಹಾಗೆ. ಕಡಲ ಬದಿಯಲ್ಲಿ ಒಂದು ಅನುಕೂಲ ಉಂಟು: ಅವರ 378 ದಿನಕ್ಕೆ ಸರಿಯಾಗಿ 42 ವಾರ, ಹಾಗಾಗಿ ಒಂದು ತಾರೀಕಿಗೆ 79 ವರ್ಷವೂ ಅದೇ ಕೆಂಚ. ಕಥೆಯಲ್ಲಿ ಕಡಲಿನವರ ತಾರೀಕು ಬರೆದು ಕೆಂಚ ತಪ್ಪಿದರೆ ಓದುಗರು ಹಿಡಿಯುತ್ತಾರೆ, ನೋಡಿಕೊಳ್ಳಿ.

ಹೆಚ್ಚಿನ ತಿಂಗಳಲ್ಲಿ ಹುಟ್ಟಿದ ಮಗುವಿನ ಹುಟ್ಟಿದ ದಿನ ಯಾವಾಗ ಮಾಡ್ತಾರೆ?

ನಮ್ಮಲ್ಲಿ ಅಧಿಕ ಮಾಸದಲ್ಲಿ ಹುಟ್ಟಿದವರಿಗೆ ಅದೇ ಹೆಸರಿನ ನಿಜ ಮಾಸ ಉಂಟು, ಅದರಲ್ಲಿ ಆಚರಿಸುತ್ತಾರೆ. ಹೊಳೆನಾಡಿನಲ್ಲಿ ಆ ತಿಂಗಳಿಗೆ ಹೆಸರೇ ಇಲ್ಲದ್ದರಿಂದ ಹಾಗೆ ಆಗುವುದಿಲ್ಲ. ಗುಡ್ಡದ ಬಂಧುಗಳಿದ್ದರೆ ಗುಡ್ಡದ ತಾರೀಕು ಕೇಳಿ ಬರೆದಿಟ್ಟುಕೊಳ್ಳುತ್ತಾರೆ. ಇಲ್ಲದವರು ಹೊಸ ವರ್ಷದ ಮೊದಲ ಸಂತೆಯ ದಿನ ಮಗುವಿಗೆ ಹೊಸ ಬಟ್ಟೆ ಹಾಕುತ್ತಾರೆ. 869ರಲ್ಲಿ ಹುಟ್ಟುವ ಮಕ್ಕಳ ಬಗ್ಗೆ ಒಂದು ಕಥೆ ಬರೆಯುತ್ತಿದ್ದೇನೆ, ಅದರಲ್ಲಿ ಮೂರನೆಯ ಒಂದು ದಾರಿಯೂ ಬರುತ್ತದೆ.